ಮೋಲ್ಡ್ ಹಾಕುವ ಹಿಂದಿನ ದಿನ

ನಮ್ಮ ಮನೆಗೆ ತಾರಸಿ ಮೋಲ್ಡ್ ಹಾಕಿದ್ದು ಮೇ ಮೊದಲ ವಾರ. ಆ ದಿನದ ಫೋಟೊ ಬಂಧುಗಳಿಗೆಲ್ಲ ಕಳಿಸಿದ್ದೆ. ಮಿಕ್ಸರ್ ಮುಂದೆ ಮಾವ ತೆಂಗಿನಕಾಯಿ ಒಡೆಯುತ್ತಿರುವುದು, ತಲೆಗೆ ಟವೆಲ್ ಸುತ್ತಿಕೊಂಡು ಬಾಣಲಿ ದಾಟಿಸುತ್ತಿರುವ ಕೆಲಸದವರು, ಮಧ್ಯಾಹ್ನದ ಊಟಕ್ಕೆ ಹಾಸಿದ ಎಲೆ. ಅದರ ಹಿಂದಿನ ಸಂಜೆಯ ಫೋಟೊಗಳನ್ನು ಯಾರಿಗೂ ಕಳಿಸಲಿಲ್ಲ. ಅವುಗಳಲ್ಲಿ ಮನುಷ್ಯರೇ ಇಲ್ಲ. ಬರೀ ಕಂಬಿ, ಪೈಪು, ಒಂದು ಟೇಪು. ನನ್ನ ಫೋನಲ್ಲಿ ಅಂಥವು ನೂರಕ್ಕೂ ಜಾಸ್ತಿ ಇವೆ. ಯಾರಾದರೂ ಮನೆ ಕಟ್ಟಿಸುತ್ತೇವೆ ಅಂತ ಹೇಳಿದರೆ ನಾನು ಮೊದಲು ತೋರಿಸುವುದು ಅವನ್ನೇ.

ನಾನು ಹೈಸ್ಕೂಲಿನಲ್ಲಿ ಗಣಿತ ಪಾಠ ಮಾಡುತ್ತೇನೆ. ಹಾಸನದ ಹೊರಗೆ ಒಂದು 30/40 ಸೈಟು ತೆಗೆದುಕೊಂಡು ಹತ್ತು ವರ್ಷ ಆಗಿತ್ತು. ಯಜಮಾನರ ಕೆಲಸ ಮಂಗಳೂರಿನಲ್ಲಿ. ಶನಿವಾರ ರಾತ್ರಿ ಬಂದು ಭಾನುವಾರ ಸಂಜೆ ಶಿರಾಡಿ ಘಾಟ್ ಇಳಿಯುವವರು. ಹಾಗಾಗಿ ಕಟ್ಟಡದ ಉಸ್ತುವಾರಿ ನನಗೇ ಬಂತು. ಸಾಮಾನು ನಮ್ಮದು, ಕೂಲಿ ಚದರಕ್ಕೆ ಇಷ್ಟು ಅಂತ ಮೇಸ್ತ್ರಿಗೆ. ಡ್ರಾಯಿಂಗ್ ಮಾಡಿಕೊಟ್ಟ ಎಂಜಿನಿಯರ್ ಹಂತ ಹಂತಕ್ಕೆ ಬಂದು ನೋಡುವುದು ಅಂತ ಮಾತಾಗಿತ್ತು. ಪಾಯ, ಪ್ಲಿಂತ್ ಬೀಮ್ ಎಲ್ಲ ಮಾರ್ಚ್ ಒಳಗೆ ಮುಗಿದವು. ಬೇಸಿಗೆ ರಜೆ ಶುರುವಾಗುವುದು ಏಪ್ರಿಲ್ ಎರಡನೇ ವಾರ, ಸ್ಕೂಲು ಮತ್ತೆ ಬಾಗಿಲು ತೆಗೆಯುವುದು ಮೇ ಕೊನೆ. ಅಷ್ಟರಲ್ಲಿ ಕಂಬ ಎದ್ದು, ಬೀಮ್ ಕೂತು, ತಾರಸಿ ಬೀಳಬೇಕು. ಮಳೆ ಜೋರಾಗುವ ಹೊತ್ತಿಗೆ ಗೋಡೆ, ಕಿಟಕಿ ಆಗಿ ಮನೆ ಮುಚ್ಚಿರಬೇಕು. ಇಷ್ಟು ಲೆಕ್ಕ ಹಾಕಿಕೊಂಡು 200 ಪುಟದ ಒಂದು ನೋಟ್‌ಬುಕ್ ಕೊಂಡೆ.

ಮೊದಲ ಪುಟದಲ್ಲಿರುವುದು ಕಂಬಿಯ ಲೆಕ್ಕ. ಕಂಬಿಯ ದಪ್ಪವನ್ನು ಮಿಲಿಮೀಟರಿನಲ್ಲಿ ತೆಗೆದುಕೊಂಡು, ಅದರ ವರ್ಗವನ್ನು 162ರಿಂದ ಭಾಗಿಸಿದರೆ ಒಂದು ಮೀಟರಿಗೆ ಎಷ್ಟು ಕೆಜಿ ಅಂತ ಬರುತ್ತದೆ. 12 ಎಂಎಂ ಕಂಬಿಗೆ 144 ಭಾಗ 162, ಅಂದರೆ ಮೀಟರಿಗೆ ಸುಮಾರು 890 ಗ್ರಾಂ. 12 ಮೀಟರ್ ಉದ್ದದ ಒಂದು ಕಂಬಿ 10 ಕೆಜಿ 650 ಗ್ರಾಂ ಆಸುಪಾಸಿನಲ್ಲಿ ತೂಗಬೇಕು. ಸ್ವಲ್ಪ ಹೆಚ್ಚು ಕಡಿಮೆ ಇರಬಹುದು, ಆದರೆ ಒಂದು ಕೆಜಿ ಕಡಿಮೆ ಬಂದರೆ ಕೇಳಲೇಬೇಕು. ಲಾರಿ ಬಂದ ದಿನ ಎಣಿಸಿದೆ, ಗುಣಿಸಿದೆ, ಬಿಲ್ಲಿನ ಪಕ್ಕ ಇಟ್ಟು ನೋಡಿದೆ. ಸರಿಯಾಗಿತ್ತು. ಆ ಲೆಕ್ಕವನ್ನೇ ಈ ವರ್ಷ ಒಂಬತ್ತನೇ ಕ್ಲಾಸಿಗೆ ಕೊಟ್ಟೆ. ಮಕ್ಕಳು ಇಷ್ಟಪಟ್ಟು ಮಾಡಿದರು.

ಕಂಬದ ವಿಷಯದಲ್ಲಿ ಮಾತ್ರ ನನಗೆ ಹೊಟ್ಟೆ ಉರಿಯುವಂಥದ್ದು ಒಂದು ಆಯಿತು. ಒಟ್ಟು 12 ಕಂಬ. ಮೊದಲ ನಾಲ್ಕಕ್ಕೆ ಕಾಂಕ್ರೀಟ್ ತುಂಬುವ ದಿನ ನಾನು ಸ್ಕೂಲಿನ ರಿಸಲ್ಟ್ ಕೆಲಸದಲ್ಲಿದ್ದೆ. ಮಾರನೆಯ ದಿನ ಕಾಂಕ್ರೀಟ್ ತುಂಬಿದ ಅಚ್ಚಿನ ಪೆಟ್ಟಿಗೆ ಬಿಚ್ಚಿದಾಗ ಈಶಾನ್ಯ ಮೂಲೆಯ ಕಂಬದ ಬುಡದಲ್ಲಿ ಒಂದು ಅಡಿ ಎತ್ತರದವರೆಗೆ ಜೇನುಗೂಡಿನ ಹಾಗೆ ತೂತು. ಜಲ್ಲಿ ಜಲ್ಲಿಯಾಗಿ ಕಾಣುತ್ತಿತ್ತು, ನಡುವೆ ಸಿಮೆಂಟೇ ಇರಲಿಲ್ಲ. "ಏನಿಲ್ಲ ಟೀಚರಮ್ಮ, ಸಿಮೆಂಟ್ ಹಾಲು ಬಳಿದ್ರೆ ಮುಚ್ಚೋಗುತ್ತೆ" ಅಂದರು ಮೇಸ್ತ್ರಿ. ಅವರ ಹುಡುಗ ಕರಣೆ ಕೈಗೆ ತೆಗೆದುಕೊಂಡೇ ಬಿಟ್ಟಿದ್ದ. ಬೇಡ, ಎಂಜಿನಿಯರ್ ಬರಲಿ ಅಂತ ನಿಲ್ಲಿಸಿದೆ. ಅಷ್ಟು ಹೇಳುವುದಕ್ಕೂ ನನಗೆ ಎದೆ ಹೊಡೆದುಕೊಳ್ಳುತ್ತಿತ್ತು. ಮೂವತ್ತು ವರ್ಷದಿಂದ ಕೆಲಸ ಮಾಡಿದವರ ಮುಂದೆ ನಿಂತು ಬೇಡ ಅನ್ನುವುದು ಸುಲಭವಲ್ಲ.

ಎಂಜಿನಿಯರ್ ಬಂದು ಸುತ್ತಿಗೆಯಿಂದ ಮೇಲಿಂದ ಕೆಳಗೆ ತಟ್ಟುತ್ತಾ ಹೋದರು. ಗಟ್ಟಿ ಇದ್ದ ಕಡೆ ಟಣ್ ಅನ್ನುತ್ತದೆ, ಪೊಳ್ಳು ಇದ್ದ ಕಡೆ ಬೇರೆ ಶಬ್ದ. ನನ್ನ ಕೈಗೂ ಸುತ್ತಿಗೆ ಕೊಟ್ಟು ಕೇಳಿಸಿದರು. ಸಡಿಲ ಇದ್ದದ್ದನ್ನೆಲ್ಲ ಉಳಿಯಿಂದ ಕೆತ್ತಿಸಿ ತೆಗೆಸಿದರು. ಅದೃಷ್ಟಕ್ಕೆ ಕಂಬಿಯವರೆಗೆ ಹೋಗಿರಲಿಲ್ಲ. ಚೆನ್ನಾಗಿ ತೊಳೆದು, ನೆನೆಸಿ, ಒಣಗಿದರೂ ಕುಗ್ಗದ ಗ್ರೌಟ್ ಅನ್ನುವ ಸಿಮೆಂಟ್ ಮಿಶ್ರಣ ತರಿಸಿ ತುಂಬಿಸಿದರು. ಕಾರಣವನ್ನೂ ಅಲ್ಲೇ ವಿವರಿಸಿದರು. ಹತ್ತು ಅಡಿ ಪೆಟ್ಟಿಗೆಯ ತುದಿಯಿಂದ ಕಾಂಕ್ರೀಟ್ ಸುರಿದರೆ ಜಲ್ಲಿ ಮೊದಲು ಹೋಗಿ ತಳ ಸೇರುತ್ತದೆ. ಒಂದೂವರೆ ಮೀಟರ್‌ಗಿಂತ ಎತ್ತರದಿಂದ ಬೀಳಿಸಬಾರದು. ಪೆಟ್ಟಿಗೆಯ ಬುಡದಲ್ಲಿ ಸಂದಿ ಇದ್ದರೆ ಸಿಮೆಂಟ್ ಹಾಲು ಅಲ್ಲಿಂದ ಸೋರುತ್ತದೆ. ಆ ದಿನ ಕಾಂಕ್ರೀಟನ್ನು ಅದುರಿಸಿ ಕೂರಿಸುವ ವೈಬ್ರೇಟರ್ ಕೂಡ ತಳ ಮುಟ್ಟಿರಲಿಲ್ಲ. ಉಳಿದ ಎಂಟು ಕಂಬಗಳನ್ನು ಎರಡು ಸಲಕ್ಕೆ ತುಂಬಿಸಿದರು. ಅರ್ಧ ಎತ್ತರದ ಪೆಟ್ಟಿಗೆ ಮೊದಲು, ಮಿಕ್ಕದ್ದು ಆಮೇಲೆ. ಒಂದರಲ್ಲೂ ತೂತು ಬರಲಿಲ್ಲ.

ಆ ಸಂಜೆ ನೋಟ್‌ಬುಕ್ಕಿನಲ್ಲಿ ಒಂದು ಸಾಲು ಬರೆದು ಕೆಂಪು ಗೆರೆ ಎಳೆದೆ. ನಾನು ನೋಡದೆ ಯಾವ ಪೆಟ್ಟಿಗೆಯೂ ಮುಚ್ಚಬಾರದು. ಮೇಸ್ತ್ರಿಗೆ ಅದನ್ನು ಹೇಳಿದ ರೀತಿ ಬೇರೆ. "ಅಣ್ಣ, ನಿಮ್ಮ ಕೆಲಸದ ಮೇಲೆ ಅನುಮಾನ ಅಲ್ಲ. ನನಗೆ ಫೋಟೊ ಬೇಕು. ನಾಳೆ ಎಲ್ಲಾದರೂ ಡ್ರಿಲ್ ಹಾಕಬೇಕಾದರೆ ಕಂಬಿ ಎಲ್ಲಿದೆ, ಪೈಪ್ ಎಲ್ಲಿದೆ ಗೊತ್ತಿರಬೇಕಲ್ವಾ?" ಅದು ಸುಳ್ಳೂ ಅಲ್ಲ. ಅವರು ಒಪ್ಪಿದರು. ಆಮೇಲಾಮೇಲೆ ಅವರೇ ಟೇಪು ಹಿಡಿದು ನಿಂತು "ತಗೊಳ್ಳಿ ಟೀಚರಮ್ಮ, ಇದರದ್ದೂ ಒಂದು" ಅನ್ನತೊಡಗಿದರು.

ಈಗ ಆ ಸಂಜೆಯ ವಿಷಯಕ್ಕೆ ಬರುತ್ತೇನೆ.

ಹಸಿ ಕಾಂಕ್ರೀಟನ್ನು ಹೊರುವ ಸೆಂಟ್ರಿಂಗ್ ಶೀಟು ಹೊಡೆದು, ಕಂಬಿ ಕಟ್ಟಿ, ಎಲೆಕ್ಟ್ರಿಷಿಯನ್ ಪೈಪು ಎಳೆದು ಹೋಗಿದ್ದ. ಬೆಳಿಗ್ಗೆ ಏಳಕ್ಕೆ ಮಿಕ್ಸರ್ ಬರುತ್ತದೆ. ಎಂಜಿನಿಯರ್ ಮಧ್ಯಾಹ್ನವೇ ಬಂದು ಡ್ರಾಯಿಂಗ್ ಹಿಡಿದು ಕಂಬಿಯ ಅಂತರ ನೋಡಿ ಸರಿ ಅಂದಿದ್ದರು. ಎರಡು ಕಡೆ ಸೀಮೆಸುಣ್ಣದಲ್ಲಿ ಗೆರೆ ಎಳೆದು, "ಮಳೆ ಬಂದು ನಿಲ್ಲಿಸಲೇಬೇಕಾದರೆ ಇಲ್ಲಿ ನಿಲ್ಲಿಸಿ, ಎಲ್ಲೆಂದರಲ್ಲಿ ಬೇಡ" ಅಂತ ಹೇಳಿ ಹೋಗಿದ್ದರು. ನಾನು ಐದು ಗಂಟೆಗೆ ಏಣಿ ಹತ್ತಿದೆ. ಕಂಬಿಯ ಚೌಕಗಳ ನಡುವೆ ಕಾಲಿಟ್ಟು ನಡೆಯುವುದು ಮೊದಲು ಕಷ್ಟ ಅನಿಸುತ್ತದೆ, ಆಮೇಲೆ ರೂಢಿಯಾಗುತ್ತದೆ.

ಮೇಲಿನಿಂದ ನೋಡಿದರೆ ಎಲ್ಲ ಚೆಂದ. ಹಾಲ್ ನಡುವೆ ಬಂದಾಗ ಯಾಕೋ ಬಗ್ಗಿ ನೋಡಬೇಕು ಅನಿಸಿತು. ಮೊಣಕಾಲೂರಿ, ಕೆನ್ನೆಯನ್ನು ಕಂಬಿಗೆ ತಾಗಿಸಿ, ಫೋನಿನ ಟಾರ್ಚ್ ಬಿಟ್ಟೆ. ಶೀಟಿನ ಮೇಲೆ ಬೆಳಕು ಉದ್ದಕ್ಕೆ ಹರಿಯಿತು. ಕಂಬಿ ಮತ್ತು ಶೀಟಿನ ನಡುವೆ ಬೆಳಕು ಹಾಯಬೇಕಿತ್ತು. ಗೋಡೆಯ ಕಡೆ ಹಾಯುತ್ತಿತ್ತು. ಹಾಲ್ ನಡುವೆ ಐದಾರು ಅಡಿ ಉದ್ದಕ್ಕೆ ಬೆಳಕು ನಿಂತುಬಿಟ್ಟಿತ್ತು. ಅಲ್ಲಿ ಕಂಬಿ ಶೀಟಿನ ಮೇಲೆ ಮಲಗಿತ್ತು. ಕಂಬಿಯ ಅಡಿಗೆ ಕೊಡುವ ಸಿಮೆಂಟ್ ಬಿಲ್ಲೆ, ಅಂದರೆ ಕವರ್ ಬ್ಲಾಕ್, ಸಾಲದೆ ಕೆಲಸದವರು ಜಲ್ಲಿ ಚೂರು ಕೊಟ್ಟು ಎತ್ತರಿಸಿದ್ದರು. ಓಡಾಡಿದಂತೆ ಜಲ್ಲಿ ಜಾರಿ ಹೋಗಿತ್ತು.

ಕವರ್ ಬ್ಲಾಕ್ ಅನ್ನುವುದು ಎಷ್ಟು ಚಿಕ್ಕದು ಅಂದರೆ ಅಂಗೈಯಲ್ಲಿ ಹತ್ತು ಹಿಡಿಯಬಹುದು. ತಾರಸಿಗೆ 20 ಎಂಎಂ, ಕಂಬಕ್ಕೆ 40 ಎಂಎಂ. ಕಂಬಿಯ ಸುತ್ತ ಅಷ್ಟು ದಪ್ಪ ಕಾಂಕ್ರೀಟ್ ಇದ್ದರೆ ಗಾಳಿ, ತೇವ ಒಳಗೆ ಹೋಗಿ ತುಕ್ಕು ಹಿಡಿಯಲು ಬಹಳ ಕಾಲ ಬೇಕು. ಇಲ್ಲದಿದ್ದರೆ ಕೆಲವು ವರ್ಷಕ್ಕೇ ತುಕ್ಕು. ತುಕ್ಕು ಹಿಡಿದ ಕಂಬಿ ಉಬ್ಬುತ್ತದೆ, ಉಬ್ಬಿ ಕೆಳಗಿನ ಕಾಂಕ್ರೀಟನ್ನು ಒಡೆದು ಬೀಳಿಸುತ್ತದೆ. ಹಳೇ ಕಟ್ಟಡಗಳ ಸೀಲಿಂಗಿನಲ್ಲಿ ಸಿಮೆಂಟ್ ಉದುರಿ ಕೆಂಪು ಕಂಬಿ ಕಾಣುವುದನ್ನು ನಾವೆಲ್ಲ ನೋಡಿದ್ದೇವೆ. ನಾನು ಓದಿದ ಸ್ಕೂಲಿನ ವರಾಂಡದಲ್ಲೇ ಹಾಗಿತ್ತು. ಅದರ ಕೆಳಗೆ ಕೂತು ಮಗ್ಗಿ ಹೇಳಿದ್ದೇವೆ.

ಮೇಸ್ತ್ರಿ ಹೊರಟು ಹೋಗಿದ್ದರು. ಫೋನ್ ಮಾಡಿದೆ. ಬೈಯಲಿಲ್ಲ. "ಅಣ್ಣ, ಹಾಲ್ ನಡುವೆ ಕಂಬಿ ಕೂತ್ಬಿಟ್ಟಿದೆ, ಈಗಲೇ ಬರಬೇಕು" ಅಂದೆ. ಇಬ್ಬರು ಹುಡುಗರನ್ನು ಬೈಕಿನಲ್ಲಿ ಕೂರಿಸಿಕೊಂಡು ಬಂದರು. ದಾರಿಯಲ್ಲಿ ಸಾಮಾನಿನ ಅಂಗಡಿ ಬಾಗಿಲು ಹಾಕುವ ಮೊದಲು ಒಂದು ಚೀಲ ಕವರ್ ಬ್ಲಾಕ್ ತಂದಿದ್ದರು. ಒಬ್ಬ ಕಂಬಿಯನ್ನು ಎತ್ತಿ ಹಿಡಿಯುವುದು, ಇನ್ನೊಬ್ಬ ಬ್ಲಾಕ್ ತಳ್ಳಿ ತಂತಿಯಿಂದ ಕಟ್ಟುವುದು, ನಾನು ಟಾರ್ಚ್ ಬಿಡುವುದು.

ಹಾಲ್ ಮುಗಿಸಿ ಬಾಲ್ಕನಿಗೆ ಬಂದೆವು. ಮೂರೂವರೆ ಅಡಿ ಹೊರಗೆ ಚಾಚಿಕೊಂಡಿರುವುದು, ಕೆಳಗೆ ಕಂಬ ಇಲ್ಲ. ಇಲ್ಲಿ ಲೆಕ್ಕ ತಿರುಗುಮುರುಗು. ಕೋಣೆಯ ತಾರಸಿ ನಡುವೆ ಕೆಳಕ್ಕೆ ಜಗ್ಗುತ್ತದೆ, ಹಾಗಾಗಿ ಮುಖ್ಯ ಕಂಬಿ ಅಡಿಯಲ್ಲಿರಬೇಕು. ಬಾಲ್ಕನಿ ತುದಿಯಲ್ಲಿ ಬಾಗುತ್ತದೆ, ಎಳೆತ ಬೀಳುವುದು ಮೇಲ್ಭಾಗಕ್ಕೆ. ಅದರ ಕಂಬಿ ಮೇಲೇ ನಿಂತಿರಬೇಕು. ಅದಕ್ಕೆಂದೇ ಚೇರ್ ಅಂತ ಬಾಗಿಸಿದ ಕಂಬಿ ತುಂಡು ಇಟ್ಟು ಎತ್ತರಿಸಿರುತ್ತಾರೆ. ಇಲ್ಲಿ ಜನ ತುಳಿದು ಮೂರು ಚೇರ್ ಮಗ್ಗುಲಿಗೆ ಬಿದ್ದು, ಮೇಲಿನ ಕಂಬಿ ಎರಡು ಇಂಚು ಕೆಳಗೆ ಕೂತಿತ್ತು. ಐದು ಇಂಚಿನ ತಾರಸಿಯಲ್ಲಿ ಎರಡು ಇಂಚು! ಕಾಂಕ್ರೀಟ್ ಬಿದ್ದ ಮೇಲೆ ಇದು ಯಾರ ಕಣ್ಣಿಗೂ ಕಾಣುವುದಿಲ್ಲ. ಬಾಲ್ಕನಿಯಲ್ಲಿ ಮದುವೆ ಮನೆಯ ಜನ ನಿಂತ ದಿನ ಗೊತ್ತಾಗುತ್ತದೆ. ಅದನ್ನು ನೆನೆದರೆ ಈಗಲೂ ಮೈ ಜುಮ್ಮೆನ್ನುತ್ತದೆ.

ಚೇರ್‌ಗಳನ್ನು ನಿಲ್ಲಿಸಿ, ಹೊಸದಾಗಿ ಆರು ಸೇರಿಸಿ, ಬಿಗಿಯಾಗಿ ಕಟ್ಟಿದೆವು. ಮೇಸ್ತ್ರಿ ತಮ್ಮಷ್ಟಕ್ಕೆ ತಾವೇ ಇನ್ನೊಂದು ಕೆಲಸ ಮಾಡಿದರು. ಎರಡು ಹಲಗೆ ತಂದು, ಇಟ್ಟಿಗೆ ಮೇಲೆ ಕೂರಿಸಿ ದಾರಿ ಮಾಡಿದರು. ನಾಳೆ ಬಾಣಲಿ ಹೊರುವವರು ಕಂಬಿ ತುಳಿಯದೆ ಹಲಗೆ ಮೇಲೇ ಓಡಾಡಲಿ ಅಂತ. ಕೆಲಸ ಮುಗಿದಾಗ ರಾತ್ರಿ ಎಂಟೂವರೆ. ಹುಡುಗರಿಗೆ ಬಸ್ ಸ್ಟ್ಯಾಂಡ್ ಹತ್ತಿರ ಮಸಾಲೆ ದೋಸೆ ಕೊಡಿಸಿದೆ. ಅವರಲ್ಲಿ ಒಬ್ಬ ಚಿಕ್ಕವನು ಕೇಳಿದ, "ಮೇಡಂ, ಬಾಲ್ಕನಿ ಕಂಬಿ ಯಾಕೆ ಮೇಲೆ?" ದೋಸೆ ತಟ್ಟೆ ಪಕ್ಕಕ್ಕಿಟ್ಟು, ಸ್ಕೇಲಿನ ಬದಲು ಒಂದು ಚಪ್ಪಟೆ ರಬ್ಬರ್ ಹಿಡಿದು, ಮೇಲೆ ಹೇಗೆ ಬಿರಿಯುತ್ತದೆ ಅಂತ ತೋರಿಸಿದೆ. ಅವನಿಗೆ ಅದು ತಕ್ಷಣ ಹಿಡಿಸಿತು. ನಾಲ್ಕು ವರ್ಷದಿಂದ ಕಂಬಿ ಕಟ್ಟುತ್ತಿದ್ದಾನಂತೆ, ಯಾರೂ ಹೇಳಿರಲಿಲ್ಲ.

ಮೋಲ್ಡ್ ದಿನ ಭರಣಿ ಮಳೆ ನಡೆಯುತ್ತಿತ್ತು. ಭರಣಿ ಮಳೆ ಬಂದರೆ ಧರಣಿಯೆಲ್ಲ ಬೆಳೆ ಅಂತ ಮಾವ ಬೆಳಿಗ್ಗೆಯೇ ಆಕಾಶ ನೋಡಿ ಸಂತೋಷಪಟ್ಟರು. ನನಗೆ ಮಾತ್ರ ಭಯ. ಶಾಮಿಯಾನದವರಿಂದ ನಾಲ್ಕು ಟಾರ್ಪಾಲ್ ತರಿಸಿಟ್ಟಿದ್ದೆ. ಏಳೂಕಾಲಿಗೆ ಶುರುವಾಯಿತು. ಒಟ್ಟು 110 ಮೂಟೆ ಸಿಮೆಂಟ್. ನಾನು ಮಿಕ್ಸರ್ ಪಕ್ಕ ನಿಂತದ್ದು ನೀರಿಗಾಗಿ. ಮೂಟೆಗೆ 25 ಲೀಟರ್ ಅಂತ ಎಂಜಿನಿಯರ್ ಹೇಳಿದ್ದರು, ಎಂ ಸ್ಯಾಂಡ್ ಒದ್ದೆ ಇದ್ದರೆ ಅದಕ್ಕಿಂತ ಕಡಿಮೆ. ನೀರು ಜಾಸ್ತಿ ಹಾಕಿದರೆ ಕಾಂಕ್ರೀಟ್ ಸಲೀಸಾಗಿ ಹರಡುತ್ತದೆ, ಹೊರುವವರಿಗೂ ಎಳೆಯುವವರಿಗೂ ಸುಖ. ಆದರೆ ಆ ನೀರು ಆವಿಯಾಗಿ ಹೋದ ಜಾಗವೆಲ್ಲ ಸಣ್ಣ ತೂತಾಗಿ ಉಳಿಯುತ್ತದೆ. ಬಿಸಿಲೇರಿದಂತೆ "ಇನ್ನೊಂದು ಚೆಂಬು ಬಿಡಮ್ಮ" ಅನ್ನುವ ಕೂಗು ಮೇಲಿಂದ ಬರುತ್ತಲೇ ಇತ್ತು. ಮಿಕ್ಸರಿಗೆ ನೀರು ಹಾಕುತ್ತಿದ್ದ ಅಕ್ಕ ನನ್ನ ಮುಖ ನೋಡುತ್ತಿದ್ದಳು, ನಾನು ಬಕೆಟ್ಟಿನ ಗೆರೆ ತೋರಿಸುತ್ತಿದ್ದೆ.

ಮೂರೂಮುಕ್ಕಾಲಿಗೆ ಗುಡುಗು. ಪೋರ್ಟಿಕೊ ಮೂಲೆ ಮಾತ್ರ ಉಳಿದಿತ್ತು. ಹದಿನೆಂಟು ಜನ ಓಡಾಡಿ ಅದನ್ನೂ ತುಂಬಿಸಿ, ವೈಬ್ರೇಟರ್ ಆಡಿಸಿ, ಮಟ್ಟಗೋಲು ಎಳೆದು, ಟಾರ್ಪಾಲ್ ಹೊದಿಸಿದ ಹತ್ತು ನಿಮಿಷಕ್ಕೆ ಮಳೆ ಬಂತು. ಸೀಮೆಸುಣ್ಣದ ಗೆರೆ ಬೇಕಾಗಲಿಲ್ಲ.

ಮಾರನೆಯ ದಿನದಿಂದ ತಾರಸಿ ಮಾವನದ್ದು. ಅವರು ಗದ್ದೆ ಮಾಡಿದವರು, ನೀರು ನಿಲ್ಲಿಸುವುದನ್ನು ಯಾರೂ ಹೇಳಿಕೊಡಬೇಕಿಲ್ಲ. ಮಣ್ಣಿನ ಬದು ಹಾಕಿ, ತಾರಸಿಯನ್ನು ಮಡಿ ಮಡಿಯಾಗಿ ಭಾಗ ಮಾಡಿ, ಒಂದು ಮಡಿಯಿಂದ ಇನ್ನೊಂದಕ್ಕೆ ಬಾಯಿ ಬಿಟ್ಟು ನೀರು ಹಾಯಿಸಿದರು. ಎರಡು ಇಂಚು ನೀರು ಹಗಲೂ ರಾತ್ರಿ ನಿಂತಿರುತ್ತಿತ್ತು. ಕಂಬಗಳಿಗೆ ಗೋಣಿಚೀಲ ಸುತ್ತಿ ದಿನಕ್ಕೆ ಮೂರು ಸಲ ನೆನೆಸಿದರು. ನಾವು ಬಳಸಿದ್ದು ಪಿಪಿಸಿ, ಅಂದರೆ ಹಾರುಬೂದಿ ಬೆರೆಸಿದ ಸಿಮೆಂಟ್. ಅದಕ್ಕೆ ಕನಿಷ್ಠ ಹತ್ತು ದಿನ ಹೀಗೆ ನೆನೆಸಿಡುವ ಕ್ಯೂರಿಂಗ್ ಬೇಕು, ಬಿಸಿಲಿದ್ದರೆ ಹದಿನಾಲ್ಕು. ಮಾವ ಇಪ್ಪತ್ತೊಂದು ದಿನ ಬಿಡಲಿಲ್ಲ.

ಹತ್ತನೇ ದಿನಕ್ಕೆ ಸೆಂಟ್ರಿಂಗ್‌ನವರು ಟೆಂಪೊ ತಂದರು. ಬೇರೆ ಸೈಟಿಗೆ ಜಾಕಿ, ಶೀಟು ಬೇಕಂತೆ. ಐಎಸ್ 456 ಅನ್ನುವ ನಿಯಮದಲ್ಲಿ ಇದಕ್ಕೆ ಲೆಕ್ಕ ಇದೆ. ನಾಲ್ಕೂವರೆ ಮೀಟರ್‌ವರೆಗಿನ ತಾರಸಿಯ ಆಸರೆ ಏಳು ದಿನ, ಅದಕ್ಕಿಂತ ಅಗಲ ಇದ್ದರೆ ಹದಿನಾಲ್ಕು. ಆರು ಮೀಟರ್‌ವರೆಗಿನ ಬೀಮಿಗೆ ಹದಿನಾಲ್ಕು ದಿನ, ಮೇಲೆ ಹೋದರೆ ಇಪ್ಪತ್ತೊಂದು. ಅದು ಮಾಮೂಲಿ ಒಪಿಸಿ ಸಿಮೆಂಟಿಗೆ. ಪಿಪಿಸಿ ನಿಧಾನಕ್ಕೆ ಗಟ್ಟಿಯಾಗುವುದರಿಂದ ನಮ್ಮ ಎಂಜಿನಿಯರ್ ಇಪ್ಪತ್ತೊಂದು ದಿನ ಮುಟ್ಟಬೇಡಿ ಅಂದಿದ್ದರು. ಹೆಚ್ಚಿನ ದಿನಗಳ ಬಾಡಿಗೆ ನಾನೇ ಕೊಡುತ್ತೇನೆ ಅಂತ ಹೇಳಿ ಟೆಂಪೊ ವಾಪಸ್ ಕಳಿಸಿದೆ. ಮನೆ ಕಟ್ಟುವಾಗ ಖರ್ಚು ಮಾಡಿದ ದುಡ್ಡಿನಲ್ಲಿ ನನಗೆ ಅತ್ಯಂತ ಸಮಾಧಾನ ಕೊಟ್ಟದ್ದು ಅದು.

ಸ್ಕೂಲು ಶುರುವಾಯಿತು, ಗೋಡೆಯೂ ಶುರುವಾಯಿತು. ಆಷಾಢಕ್ಕೆ ಮುಂಚೆ ವಾಸ್ಕಲ್ ನಿಲ್ಲಿಸಬೇಕು ಅಂತ ಅತ್ತೆ. ಜೂನ್ ಮೊದಲ ವಾರ ಒಳ್ಳೆ ದಿನ ನೋಡಿ, ಹೊಸಲಿನ ಕೆಳಗೆ ನವರತ್ನ, ಒಂದು ಚೂರು ಚಿನ್ನ ಇಟ್ಟು, ತೇಗದ ಬಾಗಿಲುವಾಡಕ್ಕೆ ಪೂಜೆ ಮಾಡಿದೆವು. ಮಾವಿನ ತೋರಣ ಕಟ್ಟಿದ ಆ ಬಾಗಿಲಿನ ಎರಡೂ ಪಕ್ಕ ಗೋಡೆಯೇ ಇರಲಿಲ್ಲ, ಆದರೂ ಬಂದವರೆಲ್ಲ ಬಾಗಿಲಿನ ಒಳಗಿಂದಲೇ ದಾಟಿ ಬಂದರು.

ಗೋಡೆಗೆ ಸಾಲಿಡ್ ಬ್ಲಾಕ್, ಹೊರಗೆ ಆರು ಇಂಚು, ಒಳಗೆ ನಾಲ್ಕು. ಮೊದಲ ಲೋಡಿನ ಬ್ಲಾಕುಗಳು ಸರಿಯಾಗಿ ಕ್ಯೂರಿಂಗ್ ಆಗಿರಲಿಲ್ಲ. ಎದೆ ಎತ್ತರದಿಂದ ಮಣ್ಣಿಗೆ ಬಿಟ್ಟ ನಾಲ್ಕರಲ್ಲಿ ಮೂರು ಒಡೆದವು. ಲಾರಿ ವಾಪಸ್ ಹೋಯಿತು. ಕಟ್ಟುವ ಮುಂಚೆ ಮೇಸ್ತ್ರಿ ಹತ್ತಿರ ಕೇಳಿಕೊಂಡು, ನೆಲದ ಮೇಲೆ ಇದ್ದಿಲಿನಲ್ಲಿ ಗೋಡೆ, ಬಾಗಿಲು, ಕಿಟಕಿ ಎಲ್ಲ ನಿಜವಾದ ಅಳತೆಗೆ ಬರೆಸಿದೆ. ಕಾಗದದ ಮೇಲೆ ನೋಡಿ ಅರ್ಥವಾಗದ್ದು ಅಲ್ಲಿ ನಿಂತರೆ ಅರ್ಥವಾಗುತ್ತದೆ. ಅತ್ತೆ ಒಲೆ ಬರುವ ಜಾಗದಲ್ಲಿ ನಿಂತು, "ಇಲ್ಲಿಂದ ಗೇಟು ಕಾಣಲ್ವಲ್ಲ" ಅಂದರು. ಕಿಟಕಿ ಒಂದು ಅಡಿ ಎಡಕ್ಕೆ ಹೋಯಿತು. ಖರ್ಚು ಒಂದು ಚೂರು ಇದ್ದಿಲು.

ದಿನಕ್ಕೆ ಐದು ವರಸೆಗಿಂತ ಹೆಚ್ಚು ಕಟ್ಟಿಸಲಿಲ್ಲ. ಹಸಿ ಗಾರೆಯ ಮೇಲೆ ಭಾರ ಬಿದ್ದರೆ ಗೋಡೆ ತೂಗುಗುಂಡಿನ ದಾರ ಬಿಟ್ಟು ಆಚೀಚೆ ಹೋಗುತ್ತದೆ. ಬೀಮಿನ ಅಡಿಯ ಕೊನೆ ಸಂದಿಯನ್ನು ಒಂದು ವಾರ ಹಾಗೇ ಬಿಟ್ಟು, ಗೋಡೆ ಕೂತ ಮೇಲೆ ಗಟ್ಟಿಸಿ ತುಂಬಿದರು. ಕಂಬಕ್ಕೂ ಬ್ಲಾಕಿಗೂ ಸೇರುವ ಕಡೆಯೆಲ್ಲ ಪ್ಲಾಸ್ಟರಿಂಗ್‌ಗೆ ಮುಂಚೆ ಚಿಕನ್ ಮೆಶ್ ಅನ್ನುವ ತಂತಿ ಬಲೆ ಹೊಡೆಯಬೇಕು, ಇಲ್ಲದಿದ್ದರೆ ಅದೇ ಗೆರೆಯಲ್ಲಿ ಬಿರುಕು. ಇದಕ್ಕೆ ಮಾತ್ರ ಯಾರ ಜೊತೆಯೂ ವಾದ ಮಾಡಬೇಕಾಗಲಿಲ್ಲ. ಮೆಶ್ ಸುರುಳಿಯನ್ನು ಮೇಸ್ತ್ರಿಯೇ ಹೊತ್ತು ತಂದರು.

ಜುಲೈ ನಡುವಿಗೆ ಕಿಟಕಿ ಕೂತವು, ಮುಂಬಾಗಿಲಿಗೆ ತಾತ್ಕಾಲಿಕವಾಗಿ ಪ್ಲೈವುಡ್ ಹೊಡೆಸಿದೆ. ಪುಷ್ಯ ಮಳೆ ಹಿಡಿದು ಮೂರನೇ ದಿನ ಸ್ಕೂಲಿಂದ ನೇರ ಅಲ್ಲಿಗೆ ಹೋದೆ. ಹೊರಗೆ ಜೋರು ಮಳೆ, ಒಳಗೆ ನೆಲ ಒಣ. ಇಷ್ಟು ದಿನ ಆಕಾಶ ಕಾಣುತ್ತಿದ್ದ ಜಾಗದಲ್ಲಿ ಮಳೆಯ ಸದ್ದು ಮಾತ್ರ. ಬಟ್ಟೆ ಚೀಲ ಕೆಳಗಿಟ್ಟು ಸುಮ್ನೆ ನಿಂತೆ, ಕಣ್ಣು ತುಂಬಿ ಬಂತು.

ಆಮೇಲೆ ಒಂದೊಂದು ಕಿಟಕಿಯನ್ನೂ ಕೈಯಿಂದ ಸವರಿ ನೋಡಿದೆ. ಮಕ್ಕಳ ಕೋಣೆಯ ಕಿಟಕಿಯ ತಲೆಯ ಹತ್ತಿರ ಗೋಡೆ ಒದ್ದೆ. ಕಿಟಕಿ ತೆಗೆದು ಕತ್ತು ಚಾಚಿ ಮೇಲೆ ನೋಡಿದೆ. ಸಜ್ಜದ ತುದಿಗೆ ಬಂದ ನೀರು ಕೆಳಗೆ ಬೀಳದೆ, ಅದರ ಅಡಿಯನ್ನೇ ಹಿಡಿದುಕೊಂಡು ಗೋಡೆಯವರೆಗೆ ತೆವಳಿ ಬರುತ್ತಿತ್ತು. ಸಜ್ಜದ ಅಡಿಯಲ್ಲಿ ನೀರು ಕಡಿಯುವ ಗಾಡಿ, ಅಂದರೆ ಉದ್ದಕ್ಕೆ ಕೊರೆದ ಸಣ್ಣ ತೋಡು, ಇರಲಿಲ್ಲ. ಪೆನ್ಸಿಲಿನಲ್ಲಿ ಒದ್ದೆ ಜಾಗದ ಸುತ್ತ ಗೆರೆ ಎಳೆದು ತಾರೀಕು ಬರೆದೆ, ಫೋಟೊ ತೆಗೆದು ಮೇಸ್ತ್ರಿಗೆ ಕಳಿಸಿದೆ.

ಅವರು ಬೆಳಿಗ್ಗೆ ಎಂಟಕ್ಕೇ ಬಂದಿದ್ದರು. ಜೊತೆಗೆ ಬಾಲ್ಕನಿ ಪ್ರಶ್ನೆ ಕೇಳಿದ್ದ ಹುಡುಗ, ಅವನ ಕೈಯಲ್ಲಿ ಒಂದು ಮೊಳ 10 ಎಂಎಂ ಕಂಬಿ. "ಹೊರಗಡೆ ಗಾರೆ ಹಾಕೋವಾಗ ಇದನ್ನ ಹಸಿಯಲ್ಲೇ ಒತ್ತಿ ತೆಗೆದ್ರೆ ಗಾಡಿ ಬೀಳುತ್ತೆ ಟೀಚರಮ್ಮ. ಎಲ್ಲಾ ಸಜ್ಜಕ್ಕೂ ಮಾಡೋಣ" ಅಂದರು ಮೇಸ್ತ್ರಿ. ಹುಡುಗ ಆಗಲೇ ಸಾರವೆ ಹತ್ತಿ, ಕಿಟಕಿ ಎಷ್ಟಿವೆ ಅಂತ ಎಣಿಸುತ್ತಿದ್ದ.